ಹಳೇ ಮಾರುತಿ 800ರಲ್ಲಿ ಗೇರ್ ಲಿಂಕೇಜ್ ಸವೆದಿದ್ದರೆ: ದೋಷ ಹುಡುಕಿ ಸರಿಪಡಿಸುವ ಕ್ರಮ

ಹಾಸನ, ಚಿಕ್ಕಮಗಳೂರು ಕಡೆ ಇನ್ನೂ ಓಡುತ್ತಿರುವ ಹಳೇ 800ಗಳಲ್ಲಿ ಲಿಂಕೇಜ್, ಅಂದರೆ ಗೇರ್ ಲಿವರನ್ನು ಗೇರ್‌ಬಾಕ್ಸಿಗೆ ಸೇರಿಸುವ ರಾಡ್ ಮತ್ತು ಜಾಯಿಂಟ್‌ಗಳು, ಸವೆದು ಒಂದೇ ತಕರಾರು ಮತ್ತೆ ಮತ್ತೆ ಬರುತ್ತದೆ. ಗೇರ್ ಲಿವರ್ ಲಡಲಡ ಅನ್ನುತ್ತದೆ. ಒಂದನೇ ಗೇರ್ ಹಾಕಿದೆವು ಅಂದುಕೊಂಡರೆ ಮೂರು ಬಿದ್ದಿರುತ್ತದೆ. ಚಾರ್ಮಾಡಿ ಇಳಿಯುವಾಗ ಎರಡನೇ ಗೇರ್ ತಾನಾಗಿ ನ್ಯೂಟ್ರಲ್‌ಗೆ ಹಾರುತ್ತದೆ. ಅಂಗಡಿಯಿಂದ ಬುಶ್ (ಜಾಯಿಂಟಿನ ತೂತಿನೊಳಗೆ ಕೂರುವ ಸಣ್ಣ ಬಳೆ) ಕಿಟ್ ತಂದು ಹಾಕಿದರೆ ಸ್ವಲ್ಪ ದಿನ ಚೆನ್ನಾಗಿರುತ್ತದೆ, ಒಂದು ಮಳೆಗಾಲ ಕಳೆಯುವಷ್ಟರಲ್ಲಿ ಮತ್ತೆ ಅದೇ ಪಾಡು. ಇನ್ನು ಕೆಲವರು ನೇರವಾಗಿ ಗೇರ್‌ಬಾಕ್ಸ್ ಇಳಿಸಿಸುತ್ತಾರೆ. ಸಿಂಕ್ರೊ ರಿಂಗ್, ಬೇರಿಂಗ್ ಎಲ್ಲ ಬದಲಾಗುತ್ತವೆ, ಲಿವರ್ ಮಾತ್ರ ಮೊದಲಿನಂತೆಯೇ ಅಲ್ಲಾಡುತ್ತದೆ.

ಈ ಎರಡೂ ತಪ್ಪಿಗೆ ಕಾರಣ ಒಂದೇ, ಕ್ರಮ ತಪ್ಪಿರುವುದು. ಎಲ್ಲಿ ಸವೆದಿದೆ ಎಂದು ತಿಳಿಯುವ ಮೊದಲೇ ಬಿಚ್ಚಲು ಕೈ ಹಾಕುತ್ತಾರೆ, ಬುಶ್ ಬದಲಿಸಿ ಸವೆದ ಪಿನ್ನನ್ನು ಹಾಗೇ ಬಿಡುತ್ತಾರೆ. ಈ ಕೆಲಸದಲ್ಲಿ ಅರ್ಧಕ್ಕಿಂತ ಹೆಚ್ಚು ಹೊತ್ತು ಹುಡುಕುವುದಕ್ಕೇ ಹೋಗಬೇಕು. ಬದಲಿಸುವುದು ಆಮೇಲೆ ಸುಲಭ. ಆದ್ದರಿಂದ ಕೆಳಗಿನ ಹಂತಗಳನ್ನು ಹಿಂದುಮುಂದು ಮಾಡಬೇಡಿ. ಮುಂದಿನ ಚಕ್ರ ಓಡಿಸುವ, ರಾಡ್ ಲಿಂಕೇಜ್ ಇರುವ ಬೇರೆ ಹಳೇ ಕಾರುಗಳಿಗೂ ಬಹುತೇಕ ಇದೇ ದಾರಿ. ಕೇಬಲ್ ಗೇರ್ ಇರುವ ಕಾರುಗಳಿಗೆ ಮೊದಲ ಮೂರು ಹಂತ ಮಾತ್ರ ಅನ್ವಯಿಸುತ್ತವೆ.

## ರಾಡ್ ಮಾಡುವ ಎರಡು ಕೆಲಸ

800ರಲ್ಲಿ ಎಂಜಿನ್ ಮತ್ತು ಗೇರ್‌ಬಾಕ್ಸ್ ಬಾನೆಟ್ ಕೆಳಗೆ ಅಡ್ಡಲಾಗಿ ಕೂತಿವೆ, ಲಿವರ್ ಸೀಟಿನ ಪಕ್ಕದಲ್ಲಿದೆ. ಇವುಗಳ ನಡುವೆ ಕಾರಿನ ಹೊಟ್ಟೆಯಡಿ ಎರಡು ರಾಡ್ ಹಾದುಹೋಗುತ್ತವೆ.

ಮೊದಲನೆಯದು ಶಿಫ್ಟ್ ರಾಡ್. ಲಿವರನ್ನು ಹಿಂದೆ ಮುಂದೆ ಆಡಿಸಿದರೆ ಇದು ಉದ್ದಕ್ಕೆ ಸರಿಯುತ್ತದೆ, ಗೇರ್ ಬೀಳುವುದು ಈ ಚಲನೆಯಿಂದ. ಲಿವರನ್ನು ಎಡಬಲ ಆಡಿಸಿದರೆ ಇದೇ ರಾಡ್ ತಿರುಗುತ್ತದೆ. ಒಂದು-ಎರಡರ ಸಾಲೋ ಮೂರು-ನಾಲ್ಕರ ಸಾಲೋ ಎಂದು ತೀರ್ಮಾನವಾಗುವುದು ಆ ತಿರುಗುವಿಕೆಯಿಂದ. ಎರಡನೆಯದು ಎಕ್ಸ್‌ಟೆನ್ಶನ್ ರಾಡ್. ಇದು ಗೇರ್ ಹಾಕುವುದಿಲ್ಲ, ಲಿವರಿನ ಬುಡವನ್ನು ಗೇರ್‌ಬಾಕ್ಸಿಗೆ ಕಟ್ಟಿ ಹಿಡಿಯುತ್ತದೆ. ಎಂಜಿನ್ ಅಲುಗಿದಾಗ ಲಿವರಿನ ಬುಡವೂ ಅದರ ಜೊತೆಗೇ ಅಲುಗಬೇಕು. ಇಲ್ಲದಿದ್ದರೆ ಎಂಜಿನ್ನಿನ ಪ್ರತಿ ಜಗ್ಗಾಟವೂ ಗೇರನ್ನು ಎಳೆದಂತಾಗುತ್ತದೆ.

ಇಷ್ಟು ಗೊತ್ತಿದ್ದರೆ ಲಕ್ಷಣ ನೋಡಿಯೇ ಜಾಗ ಊಹಿಸಬಹುದು. ಗೇರಿನ ಸಾಲು ಸಿಗದೆ ಒಂದಕ್ಕೆ ಮೂರು, ಎರಡಕ್ಕೆ ನಾಲ್ಕು ಬೀಳುತ್ತಿದ್ದರೆ ತಿರುಗುವ ಚಲನೆ ನಷ್ಟವಾಗುತ್ತಿದೆ: ಗೇರ್‌ಬಾಕ್ಸ್ ಬದಿಯ ಜಾಯಿಂಟಿನ ಪಿನ್, ಬುಶ್ ಅಥವಾ ಲಿವರಿನ ಬಾಲ್ (ಲಿವರ್ ಯಾವುದರ ಮೇಲೆ ಆಡುತ್ತದೋ ಆ ಗುಂಡು) ನೋಡಿ. ಸಾಲು ಸರಿಯಾಗಿ ಸಿಕ್ಕಿ, ಗೇರ್ ಪೂರ್ತಿ ಒಳಗೆ ಕೂರದೆ ಹಾರುತ್ತಿದ್ದರೆ ಉದ್ದದ ಚಲನೆ ಸಾಲುತ್ತಿಲ್ಲ. ಆಕ್ಸಿಲರೇಟರ್ ಒತ್ತಿದಾಗ ಅಥವಾ ಬಿಟ್ಟಾಗ ಮಾತ್ರ ಗೇರ್ ಹಾರುತ್ತಿದ್ದರೆ ಎಕ್ಸ್‌ಟೆನ್ಶನ್ ರಾಡಿನ ರಬ್ಬರ್ ಬುಶ್ ಅಥವಾ ಎಂಜಿನ್ ಮೌಂಟಿಂಗ್ (ಎಂಜಿನ್ ಕೂರುವ ರಬ್ಬರ್ ಆಧಾರ) ಮೇಲೆ ಮೊದಲ ಅನುಮಾನ.

## ಹಂತ 1: ಕ್ಲಚ್ ಅಲ್ಲವೆಂದು ಖಚಿತಪಡಿಸಿಕೊಳ್ಳಿ

ಎಂಜಿನ್ ಆಫ್ ಮಾಡಿ, ಕ್ಲಚ್ ಒತ್ತಿ, ಎಲ್ಲ ಗೇರುಗಳನ್ನೂ ಒಂದೊಂದಾಗಿ ಹಾಕಿ ನೋಡಿ. ಆಮೇಲೆ ಎಂಜಿನ್ ಸ್ಟಾರ್ಟ್ ಮಾಡಿ ಐಡಲಿಂಗ್‌ನಲ್ಲಿ ಹಾಗೆಯೇ ನೋಡಿ. ಆಫ್ ಇದ್ದಾಗ ಸಲೀಸಾಗಿ ಬಿದ್ದು, ಆನ್ ಇದ್ದಾಗ ಮಾತ್ರ ಬಿಗಿಯಾದರೆ ಅದು ಕ್ಲಚ್ ತಕರಾರು, ಲಿಂಕೇಜಿನದಲ್ಲ.

ಇನ್ನೊಂದು ಪರೀಕ್ಷೆ ರಿವರ್ಸಿನದು. ಎಂಜಿನ್ ಐಡಲಿಂಗ್‌ನಲ್ಲಿರುವಾಗ ಕ್ಲಚ್ ಪೂರ್ತಿ ಒತ್ತಿ, ನಾಲ್ಕೈದು ಸೆಕೆಂಡ್ ಕಾದು ರಿವರ್ಸ್ ಹಾಕಿ. ಕಾದರೂ ಕರಕರ ಎಂದರೆ ಕ್ಲಚ್ ಪೂರ್ತಿ ಬಿಡುತ್ತಿಲ್ಲ. 800ರ ಕ್ಲಚ್ ಕೇಬಲ್‌ನಿಂದ ಕೆಲಸ ಮಾಡುವುದು. ಮಲೆನಾಡಿನ ತೇವಕ್ಕೆ ಕೇಬಲ್ ಒಳಗೇ ತುಕ್ಕು ಹಿಡಿದು ಎಳೆ ಎಳೆಯಾಗಿ ಕಡಿಯುತ್ತದೆ. ಪೆಡಲಿನ ಫ್ರೀ ಪ್ಲೇ (ತಡೆ ಸಿಗುವ ಮೊದಲು ಪೆಡಲ್ ಖಾಲಿ ಆಡುವ ದೂರ) ಕೈಪಿಡಿಯಲ್ಲಿ ಹೇಳಿದಷ್ಟು ಇದೆಯೇ ನೋಡಿ, ಕೇಬಲ್ ತುದಿಯ ಎಳೆಗಳು ಬಿಚ್ಚಿಕೊಂಡಿವೆಯೇ ನೋಡಿ. ಇಲ್ಲಿ ದೋಷ ಸಿಕ್ಕರೆ ಮೊದಲು ಅದನ್ನು ಸರಿಪಡಿಸಿ, ಆಮೇಲೆ ಮುಂದಕ್ಕೆ ಹೋಗಿ.

## ಹಂತ 2: ಎಂಜಿನ್ ಮೌಂಟಿಂಗ್

ಬಾನೆಟ್ ತೆಗೆದು ಪಕ್ಕದಲ್ಲಿ ನಿಂತುಕೊಳ್ಳಿ, ಕಾರಿನ ಮುಂದೆ ಎಂದಿಗೂ ಬೇಡ. ಒಳಗೆ ಕೂತವರು ಹ್ಯಾಂಡ್‌ಬ್ರೇಕ್ ಎಳೆದು, ಬ್ರೇಕ್ ಒತ್ತಿಕೊಂಡು, ಒಂದನೇ ಗೇರಿನಲ್ಲಿ ಕ್ಲಚ್ ಹಿಡಿಯುವ ಹಂತದವರೆಗೆ ಮಾತ್ರ ಬಿಡಲಿ. ಆಮೇಲೆ ರಿವರ್ಸಿನಲ್ಲೂ ಹಾಗೇ. ಎಂಜಿನ್ ಸ್ವಲ್ಪ ಓಲಾಡುವುದು ಸಹಜ. ಒಂದು ಇಂಚಿಗಿಂತ ಹೆಚ್ಚು ಎತ್ತಿ ಹಾಕಿದರೆ, ಲೋಹಕ್ಕೆ ಲೋಹ ಬಡಿದ ಸದ್ದು ಬಂದರೆ ಮೌಂಟಿಂಗ್ ಹೋಗಿದೆ. ಟಾರ್ಚ್ ಹಿಡಿದು ರಬ್ಬರ್ ನೋಡಿ. ಎಣ್ಣೆ ಕುಡಿದ ರಬ್ಬರ್ ಉಬ್ಬಿ ಮೆತ್ತಗಾಗಿರುತ್ತದೆ, ಉಗುರು ಒತ್ತಿದರೆ ಗುರುತು ಉಳಿಯುತ್ತದೆ. ಮೌಂಟಿಂಗ್ ಕೆಟ್ಟ ಕಾರಿಗೆ ಹೊಸ ಬುಶ್ ಹಾಕುವುದು ಬುಶ್ ದಂಡ.

## ಹಂತ 3: ಲಿವರಿನ ಪ್ಲೇ ಅಳೆದು ಬರೆದಿಡಿ

ಸಮತಟ್ಟಾದ ಜಾಗದಲ್ಲಿ ಎಂಜಿನ್ ಆಫ್ ಮಾಡಿ, ಹ್ಯಾಂಡ್‌ಬ್ರೇಕ್ ಎಳೆಯಿರಿ. ನಾಲ್ಕನೇ ಗೇರ್ ಹಾಕಿ. ನಾಬಿನ ಪಕ್ಕ ಒಂದು ಸ್ಕೇಲ್ ಹಿಡಿದು, ಎರಡೇ ಬೆರಳಿನಿಂದ ಲಿವರನ್ನು ಹಿಂದಕ್ಕೆ ಮುಂದಕ್ಕೆ ತಳ್ಳಿ. ತಡೆ ಸಿಗುವವರೆಗೆ ಮಾತ್ರ ತಳ್ಳಬೇಕು, ಬಲ ಹಾಕಬಾರದು. ಎಷ್ಟು ಮಿ.ಮೀ. ಖಾಲಿ ಆಡುತ್ತದೆ ಬರೆದುಕೊಳ್ಳಿ. ಹಾಗೆಯೇ ಎಡಬಲ. ಉಳಿದ ಗೇರುಗಳಲ್ಲೂ ಇದನ್ನೇ ಮಾಡಿ.

ಗ್ಯಾರೇಜಿನ ಅಂದಾಜು ಲೆಕ್ಕ ಹೀಗಿದೆ: ನಾಬಿನಲ್ಲಿ 10ರಿಂದ 15 ಮಿ.ಮೀ. ಆಡಿದರೆ ಹಳೇ ಕಾರಿಗೆ ಸರಿ. 30 ಮಿ.ಮೀ. ದಾಟಿದರೆ ಒಂದಕ್ಕಿಂತ ಹೆಚ್ಚು ಜಾಯಿಂಟ್ ಸವೆದಿವೆ. ಲಿವರಿನ ಬಾಲ್‌ನಿಂದ ಮೇಲಿನ ಭಾಗ ಕೆಳಗಿನ ಭಾಗಕ್ಕಿಂತ ಬಹಳ ಉದ್ದ, ಹಾಗಾಗಿ ಕೆಳಗೆ 1 ಮಿ.ಮೀ. ಸವೆದರೂ ಕೈಗೆ ಹಲವು ಪಟ್ಟಾಗಿ ಕಾಣಿಸುತ್ತದೆ. ಇದರಿಂದ ಒಂದು ಸಮಾಧಾನವೂ ಇದೆ. ಕೈಗೆ ಭಯಂಕರವಾಗಿ ಕಂಡ ಸಡಿಲಕ್ಕೆ ಕಾರಣ ಕೆಳಗೆ ಒಂದೆರಡು ಸಣ್ಣ ಬುಶ್ ಅಷ್ಟೇ ಆಗಿರಬಹುದು.

ಈಗ ಲಿವರಿನ ಮೇಲಿನ ರಬ್ಬರ್ ಬೂಟ್ (ಕೆಸರು ತಡೆಯುವ ಮುಚ್ಚಿಗೆ) ಎತ್ತಿ, ಒಂದು ಕೈಯಲ್ಲಿ ಬುಡ ಹಿಡಿದು ಇನ್ನೊಂದು ಕೈಯಲ್ಲಿ ನಾಬ್ ಆಡಿಸಿ. ಬುಡ ಅಲುಗದೆ ಲಿವರ್ ಮಾತ್ರ ಆಡಿದರೆ ಒಳಗಿನ ಬಾಲ್ ಸೀಟ್ ಅಥವಾ ಮುಂದಿನ ಜಾಯಿಂಟ್. ಬುಡವೇ ಕಿತ್ತು ಬರುವಂತೆ ಅಲುಗಿದರೆ ಎಕ್ಸ್‌ಟೆನ್ಶನ್ ರಾಡಿನ ಬುಶ್ ಸತ್ತಿದೆ.

ಬರೆದ ಚೀಟಿ ಎಸೆಯಬೇಡಿ. ಕೆಲಸ ಮುಗಿದ ಮೇಲೆ ಇದೇ ಅಳತೆ ಮತ್ತೆ ಬೇಕು.

## ಹಂತ 4: ಸಲಕರಣೆ ಸೇರಿಸಿ, ಕಾರನ್ನು ಎತ್ತಿ ನಿಲ್ಲಿಸಿ

ಬೇಕಾಗುವುದು: 10, 12, 14, 17ರ ರಿಂಗ್ ಮತ್ತು ಬಾಕ್ಸ್ ಸ್ಪ್ಯಾನರ್, ಸರ್ಕ್ಲಿಪ್ (ಭಾಗಗಳನ್ನು ಜಾಗದಲ್ಲಿ ಹಿಡಿದಿಡುವ ಸ್ಪ್ರಿಂಗ್ ಬಳೆ) ತೆಗೆಯುವ ಪ್ಲೈಯರ್, ಮೂಗು ಪ್ಲೈಯರ್, ವರ್ನಿಯರ್ ಕ್ಯಾಲಿಪರ್, ತಂತಿ ಬ್ರಷ್, ತುಕ್ಕು ಬಿಡಿಸುವ ಸ್ಪ್ರೇ, ಬಿಳಿ ಪೇಂಟ್ ಅಥವಾ ಗುರುತು ಹಾಕಲು ಉಗುರು ಬಣ್ಣ, ಟಾರ್ಚ್, ಹೈಡ್ರಾಲಿಕ್ ಜ್ಯಾಕ್ ಒಂದು, ಜ್ಯಾಕ್ ಸ್ಟ್ಯಾಂಡ್ ಎರಡು. ಬುಶ್ ಕೂರಿಸಲು ಬೆಂಚ್ ವೈಸ್ ಇದ್ದರೆ ಒಳ್ಳೆಯದು. ಇಲ್ಲದಿದ್ದರೆ 10 ಸೆಂ.ಮೀ. ಉದ್ದದ ಬೋಲ್ಟ್, ನಟ್, ಎರಡು ದಪ್ಪ ವಾಷರ್ ಸಾಕು. ಕೆಳಗೆ ಒಬ್ಬರು, ಸೀಟಿನಲ್ಲಿ ಒಬ್ಬರು, ಹೀಗೆ ಇಬ್ಬರು ಇರಲೇಬೇಕು.

ಹಿಂದಿನ ದಿನ ರಾತ್ರಿಯೇ ಎಲ್ಲ ನಟ್‌ಗಳಿಗೂ ತುಕ್ಕು ಬಿಡಿಸುವ ಸ್ಪ್ರೇ ಹೊಡೆದಿಡಿ. ಕೆಸರು ಮೆತ್ತಿದ್ದರೆ ಮೊದಲೇ ವಾಟರ್ ಸರ್ವಿಸ್ ಮಾಡಿಸಿ ಒಣಗಿಸಿ. ಕೆಂಪು ಮಣ್ಣು ಕೂತಿರುವ ಜಾಯಿಂಟಿನಲ್ಲಿ ಸವೆತ ಕಾಣುವುದೇ ಇಲ್ಲ, ಮಣ್ಣೇ ಬುಶ್ ಕೆಲಸ ಮಾಡುತ್ತಿರುತ್ತದೆ.

ಜಾಗದ ವಿಷಯ ಗಂಭೀರವಾಗಿ ತೆಗೆದುಕೊಳ್ಳಿ. ತೋಟದ ಮನೆಗಳಲ್ಲಿ ಕಾಫಿ ಕಣವೇ ಗಟ್ಟಿ ನೆಲ, ಹಣ್ಣು ಒಣಗಿಸುವ ಕಾಲ ಬಿಟ್ಟರೆ ಈ ಕೆಲಸಕ್ಕೆ ಚೆನ್ನಾಗಿದೆ. ಆದರೆ ನೀರು ಹರಿಯಲೆಂದು ಕಣಕ್ಕೆ ಸಣ್ಣ ಇಳಿಜಾರು ಕೊಟ್ಟಿರುತ್ತಾರೆ, ಕಣ್ಣಿಗೆ ಕಾಣದಿದ್ದರೂ ಕಾರು ಉರುಳಲು ಅಷ್ಟು ಸಾಕು. ಹಿಂದಿನ ಎರಡೂ ಚಕ್ರಗಳಿಗೆ ಎರಡೂ ಬದಿಯಿಂದ ಕಲ್ಲು ಅಡ್ಡ ಕೊಡಿ, ಹ್ಯಾಂಡ್‌ಬ್ರೇಕ್ ಎಳೆಯಿರಿ. ಬರಿಯ ಮಣ್ಣಿನ ಮೇಲಾದರೆ ಸ್ಟ್ಯಾಂಡಿನ ಕೆಳಗೆ ಅಗಲವಾದ ಗಟ್ಟಿ ಹಲಗೆ ಇಡಿ, ಮಳೆ ಬಿದ್ದ ನೆಲದಲ್ಲಿ ಈ ಕೆಲಸವೇ ಬೇಡ.

ಕಾರಿನ ಜೊತೆ ಬಂದ ಜ್ಯಾಕ್ ಟೈರ್ ಬದಲಿಸಲು ಮಾತ್ರ. ಅದರ ಮೇಲೆ ಕಾರು ನಿಂತಿರುವಾಗ ಕೆಳಗೆ ತಲೆ ಹಾಕಬೇಡಿ. ಹಾಲೋ ಬ್ಲಾಕ್ ಪೇರಿಸುವುದು ಅದಕ್ಕಿಂತ ಅಪಾಯ. ಸೂಚನೆಯೇ ಕೊಡದೆ ಒಮ್ಮೆಲೇ ಪುಡಿಯಾಗುತ್ತದೆ. ಮುಂದಿನ ಎರಡೂ ಬದಿ ಸ್ಟ್ಯಾಂಡ್ ಮೇಲೆ ಕೂರಿಸಿ, ಕಾರನ್ನು ಪಕ್ಕದಿಂದ ಜೋರಾಗಿ ಅಲುಗಿಸಿ ನೋಡಿದ ಮೇಲೆಯೇ ಕೆಳಗೆ ಹೋಗಿ. ಬ್ಯಾಟರಿಯ ಮೈನಸ್ ವೈರ್ ಬಿಚ್ಚಿಡಿ. ಗೇರಿನಲ್ಲಿರುವ ಕಾರನ್ನು ಯಾರೋ ತಿಳಿಯದೆ ಸ್ಟಾರ್ಟ್ ಮಾಡಿದರೆ ಮುಂದಿನದು ಊಹಿಸುವುದೂ ಬೇಡ. ಸೈಲೆನ್ಸರ್ ಪೈಪ್ ಹತ್ತಿರದಲ್ಲೇ ಇರುವುದರಿಂದ ಓಡಿಸಿ ಬಂದ ಕಾರು ಕನಿಷ್ಠ ಒಂದು ಗಂಟೆ ಆರಲಿ.

## ಹಂತ 5: ಜಾಯಿಂಟ್‌ಗಳನ್ನು ಒಂದೊಂದಾಗಿ ನೋಡಿ

ಸೀಟಿನಲ್ಲಿರುವವರು ಲಿವರನ್ನು ನಿಧಾನವಾಗಿ ಎಡಬಲ, ಹಿಂದೆಮುಂದೆ ಆಡಿಸುತ್ತಿರಲಿ. ನೀವು ಹಿಂದಿನಿಂದ ಶುರುಮಾಡಿ ಮುಂದಕ್ಕೆ ಬನ್ನಿ. ಪ್ರತಿ ಜಾಯಿಂಟಿನಲ್ಲೂ ಕೇಳಬೇಕಾದ ಪ್ರಶ್ನೆ ಒಂದೇ: ಈ ಬದಿ ಚಲಿಸಿದ ಕ್ಷಣವೇ ಆ ಬದಿಯೂ ಚಲಿಸಿತೇ?

ಹೆಬ್ಬೆರಳು ಒಂದು ಬದಿಗೆ, ತೋರುಬೆರಳು ಇನ್ನೊಂದು ಬದಿಗೆ ತಾಗುವಂತೆ ಜಾಯಿಂಟಿನ ಮೇಲೆ ಇಟ್ಟರೆ ಕಣ್ಣಿಗೆ ಕಾಣದ ಸಡಿಲವೂ ಬೆರಳಿಗೆ ಟಕ್ ಎಂದು ತಿಳಿಯುತ್ತದೆ. ಮೊದಲು ಲಿವರಿನ ಕೆಳತುದಿ ಶಿಫ್ಟ್ ರಾಡಿಗೆ ಸೇರುವ ಜಾಗ. ಆಮೇಲೆ ರಾಡಿನ ಮುಂದಿನ ತುದಿ ಗೇರ್‌ಬಾಕ್ಸಿನಿಂದ ಹೊರಬಂದಿರುವ ಶಾಫ್ಟಿಗೆ ಸೇರುವ ಜಾಗ. ಬಹಳ ಸಲ ಹೆಚ್ಚು ಸವೆದಿರುವುದು ಇಲ್ಲಿಯೇ, ಏಕೆಂದರೆ ಮುಂದಿನ ಚಕ್ರ ಎರಚುವ ಕೆಸರು ಇಲ್ಲಿಗೇ ಬೀಳುತ್ತದೆ. ಕೊನೆಗೆ ಎಕ್ಸ್‌ಟೆನ್ಶನ್ ರಾಡಿನ ಎರಡೂ ತುದಿ. ಅಲ್ಲಿಯ ರಬ್ಬರ್ ಸೀಳಿದ್ದರೆ, ನಡುವಿನ ಕಬ್ಬಿಣದ ಕೊಳವೆ ರಬ್ಬರಿನಿಂದ ಬಿಟ್ಟುಕೊಂಡಿದ್ದರೆ ಅದು ಮುಗಿದಂತೆ.

ಗೇರ್‌ಬಾಕ್ಸಿನಿಂದ ಶಾಫ್ಟ್ ಹೊರಬರುವ ಜಾಗದ ಸುತ್ತ ಎಣ್ಣೆ ಜಿನುಗಿದೆಯೇ ಎಂದೂ ನೋಡಿ. ಅಲ್ಲಿಯ ಆಯಿಲ್ ಸೀಲ್ ಹೋಗಿದ್ದರೆ ಜಿನುಗುವ ಎಣ್ಣೆ ಹೊಸ ರಬ್ಬರ್ ಬುಶ್‌ಗಳನ್ನೂ ತಿಂದುಹಾಕುತ್ತದೆ. ಬುಶ್ ಪದೇ ಪದೇ ಹೋಗುವ ಕಾರುಗಳಲ್ಲಿ ಗಮನಕ್ಕೇ ಬಾರದ ಕಾರಣ ಇದು.

ರಾಡ್ ಬಗ್ಗಿದೆಯೇ? ತೋಟದ ರಸ್ತೆಯ ನಡುಗಲ್ಲು ತಾಗಿ ರಾಡ್ ಬಗ್ಗುವುದು ನಮ್ಮ ಕಡೆ ಅಪರೂಪವಲ್ಲ. ಆದರೆ ಕಂಪನಿಯೇ ಕೊಟ್ಟ ಬಾಗು ಕೆಲವು ರಾಡ್‌ಗಳಲ್ಲಿ ಇರುತ್ತದೆ. ಹೊಸ ರಾಡಿನ ಪಕ್ಕ ಇಟ್ಟು ನೋಡದೆ ಸುತ್ತಿಗೆ ಹಿಡಿಯಬೇಡಿ. ಪೆಟ್ಟು ಬಿದ್ದ ಜಾಗದಲ್ಲಿ ಬಣ್ಣ ಹಾರಿ, ಹೊಳೆಯುವ ಗೀರು ಇರುತ್ತದೆ, ಅದೇ ಸಾಕ್ಷಿ.

## ಹಂತ 6: ರಾಡ್ ಬಿಡಿಸಿ ಗೇರ್‌ಬಾಕ್ಸ್ ಪರೀಕ್ಷೆ

ಇದೊಂದು ಪರೀಕ್ಷೆ ಮಾಡಿದ್ದರೆ ಎಷ್ಟೋ ಗೇರ್‌ಬಾಕ್ಸ್‌ಗಳು ಸುಮ್ಮನೆ ಇಳಿಯುತ್ತಿರಲಿಲ್ಲ. ಲಿವರ್ ನ್ಯೂಟ್ರಲ್‌ನಲ್ಲಿರಲಿ. ಗೇರ್‌ಬಾಕ್ಸ್ ಬದಿಯ ಜಾಯಿಂಟಿನಲ್ಲಿ ರಾಡ್ ಮತ್ತು ಶಾಫ್ಟ್ ಎರಡರ ಮೇಲೂ ಹಾದುಹೋಗುವಂತೆ ಬಿಳಿ ಗೆರೆ ಎಳೆಯಿರಿ. ಕ್ಲ್ಯಾಂಪ್ ಇರುವ ಮಾದರಿಯಲ್ಲಿ ಈ ಗೆರೆ ಇಲ್ಲದಿದ್ದರೆ ಮತ್ತೆ ಸರಿಹೊಂದಿಸಲು ಅರ್ಧ ದಿನ ಬೇಕಾಗುತ್ತದೆ. ನಟ್ ಬಿಚ್ಚಿ, ಬೋಲ್ಟ್ ತೆಗೆದು, ರಾಡನ್ನು ಪಕ್ಕಕ್ಕೆ ಸರಿಸಿ.

ಈಗ ಗೇರ್‌ಬಾಕ್ಸಿನ ಶಾಫ್ಟನ್ನು ಕೈಯಿಂದಲೇ ತಿರುಗಿಸಿ, ತಳ್ಳಿ, ಎಳೆಯಿರಿ. ಒಂದೊಂದು ಗೇರೂ ಖಡಕ್ಕಾಗಿ ಒಳಗೆ ಕೂರಬೇಕು, ನಡುವೆ ನ್ಯೂಟ್ರಲ್ ಸ್ಪಷ್ಟವಾಗಿ ಸಿಗಬೇಕು. ಯಾವುದಾದರೂ ಗೇರ್ ಬೀಳದಿದ್ದರೆ ಅವಸರದಲ್ಲಿ ಬಲ ಹಾಕಬೇಡಿ. ನಿಂತ ಕಾರಿನಲ್ಲಿ ಹಲ್ಲಿಗೆ ಹಲ್ಲು ಎದುರಾಗಿ ನಿಂತಿರುವುದು ಸಾಮಾನ್ಯ. ನಿಮ್ಮ ಜೊತೆಯವರು ಎತ್ತಿದ ಮುಂದಿನ ಚಕ್ರವನ್ನು ಒಂದಿಷ್ಟು ತಿರುಗಿಸಲಿ, ಅಷ್ಟರಲ್ಲಿ ಗೇರ್ ತಾನಾಗಿ ಜಾರಿ ಬೀಳುತ್ತದೆ.

ಎಲ್ಲ ಗೇರೂ ಖಡಕ್ಕಾಗಿ ಬಿದ್ದರೆ ಗೇರ್ ಆಯ್ಕೆ ಮಾಡುವ ಒಳಭಾಗ ಸರಿಯಿದೆ, ಕೆಲಸವೆಲ್ಲ ಹೊರಗಿನದೇ. ಚಕ್ರ ತಿರುಗಿಸಿದ ಮೇಲೂ ಒಂದು ನಿರ್ದಿಷ್ಟ ಗೇರ್ ಬೀಳದಿದ್ದರೆ, ಅಥವಾ ಶಾಫ್ಟೇ ಕವಚದೊಳಗೆ ಮೇಲೆ ಕೆಳಗೆ ಅಲ್ಲಾಡಿದರೆ ಲಿಂಕೇಜ್ ರಿಪೇರಿಯಿಂದ ಪೂರ್ತಿ ಗುಣ ಸಿಗುವುದಿಲ್ಲ. ಆಗ ನಂಬಿಕೆಯ ಗ್ಯಾರೇಜಿಗೆ ಹೋಗಿ. ಈ ಪರೀಕ್ಷೆಯಲ್ಲಿ ಏನು ಕಂಡಿತೆಂದು ಅವರಿಗೆ ಹೇಳಿ, ಅವರ ಅರ್ಧ ಕೆಲಸ ಮುಗಿದಿರುತ್ತದೆ.

## ಹಂತ 7: ಬಿಚ್ಚಿ, ಅಳೆದು, ಏನು ಬೇಕೆಂದು ತೀರ್ಮಾನಿಸಿ

ನಾಬ್ ತಿರುಗಿಸಿ ತೆಗೆಯಿರಿ, ಒಳಗಿನ ಬೂಟ್ ಬಿಡಿಸಿ. ಲಿವರಿನ ಬಾಲನ್ನು ಹಿಡಿದಿರುವ ಸರ್ಕ್ಲಿಪ್ ತೆಗೆಯುವಾಗ ಒಂದು ಬಟ್ಟೆ ಮೇಲೆ ಹಿಡಿಯಿರಿ, ಸ್ಪ್ರಿಂಗ್ ಎಲ್ಲಿಗೆ ಹಾರಿತೆಂದು ಹುಡುಕುವುದು ತಪ್ಪುತ್ತದೆ. ತೆಗೆದ ಭಾಗಗಳನ್ನು ತೆಗೆದ ಕ್ರಮದಲ್ಲೇ ಒಂದು ಹಳೇ ದಿನಪತ್ರಿಕೆಯ ಮೇಲೆ ಸಾಲಾಗಿ ಇಟ್ಟು ಫೋಟೊ ತೆಗೆಯಿರಿ. ವಾಷರ್ ಯಾವ ಬದಿಗಿತ್ತು ಎಂಬುದು ಸಂಜೆಗೆ ನೆನಪಿರುವುದಿಲ್ಲ.

ಬಾಲ್ ಒರೆಸಿ ಉಗುರು ಆಡಿಸಿ. ನುಣ್ಣಗಿದ್ದರೆ ನೈಲಾನ್ ಸೀಟ್ ಮಾತ್ರ ಬದಲಿಸಿ. ಒಂದು ಕಡೆ ಚಪ್ಪಟೆಯಾಗಿದ್ದರೆ ಲಿವರೇ ಬೇಕು.

ಈಗ ಎಲ್ಲರೂ ತಪ್ಪುವ ಜಾಗ. ಪ್ರತಿ ಪಿನ್, ಬೋಲ್ಟನ್ನೂ ಎರಡು ಕಡೆ ಅಳೆಯಿರಿ: ಬುಶ್ ತಾಗದ ತುದಿಯಲ್ಲಿ ಒಮ್ಮೆ, ಬುಶ್ ಉಜ್ಜಿದ ನಡುಭಾಗದಲ್ಲಿ ಒಮ್ಮೆ. ನಡುವೆ 0.3 ಮಿ.ಮೀ. ಅಥವಾ ಹೆಚ್ಚು ತೆಳ್ಳಗಾಗಿದ್ದರೆ, ಅಥವಾ ಕೈಗೆ ಮೆಟ್ಟಿಲು ತಾಗಿದರೆ, ಆ ಪಿನ್ ಬದಲಾಗಲೇಬೇಕು. ಹಾಗೆ ಸವೆದ ಪಿನ್ನಿಗೆ ಹೊಸ ಬುಶ್ ಹಾಕಿದರೆ ಮೊದಲ ದಿನವೇ ಸಂದು ಉಳಿದಿರುತ್ತದೆ, ಮೆಟ್ಟಿಲಿನ ಅಂಚು ಅರದಂತೆ ಬುಶ್ಶನ್ನು ಉಜ್ಜುತ್ತದೆ. ಎರಡು ತಿಂಗಳಲ್ಲಿ ಬುಶ್ ಕೆಟ್ಟಿತೆಂದು ಅಂಗಡಿಯವರನ್ನು ಬೈದು ಫಲವಿಲ್ಲ.

ಬುಶ್ ಕೂರುವ ತೂತನ್ನೂ ಉದ್ದಕ್ಕೆ ಒಮ್ಮೆ, ಅಡ್ಡಕ್ಕೆ ಒಮ್ಮೆ ಅಳೆಯಿರಿ. ಎರಡು ಅಳತೆ ಬೇರೆಯಾದರೆ ತೂತು ಮೊಟ್ಟೆಯಾಕಾರಕ್ಕೆ ತಿರುಗಿದೆ. ಹೊಸ ಬುಶ್ ಅಲ್ಲಿ ನಿಲ್ಲುವುದಿಲ್ಲ. ರಾಡ್ ಬದಲಿಸುವುದು ಉತ್ತಮ, ಸಿಗದಿದ್ದರೆ ಲೇತ್‌ನಲ್ಲಿ ತೂತನ್ನು ಗುಂಡಗೆ ದೊಡ್ಡದು ಮಾಡಿಸಿ ಆ ಅಳತೆಗೆ ಬುಶ್ ಕಡೆಸಬೇಕು.

## ಬುಶ್ ಸಿಗದಿದ್ದರೆ ಲೇತ್‌ಗೆ ಏನು ಹೇಳಬೇಕು

800ರ ಉತ್ಪಾದನೆ 2014ರಲ್ಲೇ ನಿಂತರೂ ಲಿಂಕೇಜಿನ ಕಿಟ್ ಹುಡುಕಿದರೆ ಸಿಗುತ್ತದೆ. ಹಾಸನದ ಬಿ.ಎಂ. ರಸ್ತೆಯಂಥ ಕಡೆ ಬಿಡಿಭಾಗದ ಅಂಗಡಿಗಳಲ್ಲಿ ಕೇಳುವಾಗ ಕಾರಿನ ವರ್ಷ, ನಾಲ್ಕು ಗೇರಿನದೋ ಐದು ಗೇರಿನದೋ ಎಂದು ಹೇಳಿ. ಸಾಧ್ಯವಿದ್ದರೆ ಹಳೇ ಬುಶ್ ಕೈಯಲ್ಲೇ ಹಿಡಿದುಕೊಂಡು ಹೋಗಿ.

ಸಿಗದೇ ಹೋದಾಗ ಲೇತ್ ದಾರಿ. ಮಾಲು ಆರಿಸುವಾಗ ನಮ್ಮ ಹವೆಯನ್ನು ಮರೆಯಬೇಡಿ. ನೈಲಾನ್ ತೇವ ಹೀರಿ ಉಬ್ಬುತ್ತದೆ, ಬೇಸಿಗೆಯಲ್ಲಿ ಸರಿಯಾಗಿ ಕೂತ ನೈಲಾನ್ ಬುಶ್ ಜುಲೈ ಮಳೆಯಲ್ಲಿ ಪಿನ್ನನ್ನು ಬಿಗಿಹಿಡಿಯಬಹುದು. ಡೆಲ್ರಿನ್ ಎಂಬ ಗಟ್ಟಿ ಪ್ಲಾಸ್ಟಿಕ್ ಅಷ್ಟು ತೇವ ಹೀರುವುದಿಲ್ಲ, ಮೂಡಿಗೆರೆ, ಸಕಲೇಶಪುರ, ಕೊಟ್ಟಿಗೆಹಾರದ ಕಡೆಯ ಕಾರಿಗೆ ಅದೇ ವಾಸಿ. ಗನ್‌ಮೆಟಲ್ (ಒಂದು ಬಗೆಯ ಕಂಚು) ಬುಶ್ ಬಾಳಿಕೆ ಬರುತ್ತದೆ, ಆದರೆ ಗ್ರೀಸ್ ತಪ್ಪಿದರೆ ಪಿನ್ನನ್ನು ತಿನ್ನುತ್ತದೆ, ಎಂಜಿನ್ನಿನ ನಡುಕವನ್ನೂ ಲಿವರಿಗೆ ತರುತ್ತದೆ.

ಅಳತೆ ಹೀಗೆ ಕೊಡಿ: ಹೊರವ್ಯಾಸ ತೂತಿಗಿಂತ 0.1 ಮಿ.ಮೀ. ಹೆಚ್ಚು, ಒಳವ್ಯಾಸ ಹೊಸ ಪಿನ್ನಿಗಿಂತ 0.2 ಮಿ.ಮೀ. ಹೆಚ್ಚು. ಒತ್ತಿ ಕೂರಿಸಿದಾಗ ಬುಶ್ ಒಳಕ್ಕೆ ಕುಗ್ಗುತ್ತದೆ, ಆ ಜಾಗ ಬಿಡದಿದ್ದರೆ ಪಿನ್ ತೂರುವುದಿಲ್ಲ. ಲೇತ್‌ನವರ ಬಳಿ ಹೊಸ ಪಿನ್ನನ್ನೂ ರಾಡನ್ನೂ ಬಿಟ್ಟು ಬನ್ನಿ, ಬಾಯಿಮಾತಿನ ಅಳತೆ ಬೇಡ.

ರಸ್ತೆ ಬದಿಯಲ್ಲಿ ಮಾಡುವ ಎರಡು ತೇಪೆಗಳ ಬಗ್ಗೆ ಎಚ್ಚರ. ಸೈಕಲ್ ಟ್ಯೂಬ್ ಸುತ್ತಿ ಸಂದು ಮುಚ್ಚುವುದು ಕಾರನ್ನು ಗ್ಯಾರೇಜಿಗೆ ಮುಟ್ಟಿಸಲು ಮಾತ್ರ ಸರಿ. ಜಾಯಿಂಟನ್ನೇ ವೆಲ್ಡ್ ಮಾಡಿಬಿಡುವುದು ಯಾವ ಕಾರಣಕ್ಕೂ ಬೇಡ. ಆಡಬೇಕಾದದ್ದು ಆಡದಿದ್ದರೆ ಆ ಬಲವೆಲ್ಲ ಗೇರ್‌ಬಾಕ್ಸಿನ ಶಾಫ್ಟ್, ಸೀಲಿನ ಮೇಲೆ ಬೀಳುತ್ತದೆ.

## ಹಂತ 8: ಜೋಡಣೆ

ತೂತಿನ ತುಕ್ಕನ್ನು ಸಣ್ಣ ಮರಳು ಕಾಗದದಿಂದ ಉಜ್ಜಿ ಒರೆಸಿ. ನೈಲಾನ್ ಬುಶ್ಶನ್ನು ಐದು ನಿಮಿಷ ಬಿಸಿನೀರಿನಲ್ಲಿಟ್ಟರೆ ಮೆತ್ತಗಾಗಿ ಸುಲಭವಾಗಿ ಕೂರುತ್ತದೆ. ರಬ್ಬರ್ ಬುಶ್ಶಿಗೆ ಸೋಪು ನೀರು ಸವರಿ. ಬೋಲ್ಟಿಗೆ ಒಂದು ವಾಷರ್, ಬುಶ್, ರಾಡಿನ ಕಣ್ಣು, ಇನ್ನೊಂದು ವಾಷರ್, ನಟ್, ಹೀಗೆ ಪೋಣಿಸಿ ನಟ್ ಬಿಗಿಸುತ್ತಾ ಹೋದರೆ ಬುಶ್ ನೇರವಾಗಿ ಒಳಗೆ ಹೋಗುತ್ತದೆ. ಸುತ್ತಿಗೆಯಿಂದ ಹೊಡೆದರೆ ಅಂಚು ಸೀಳುತ್ತದೆ, ಆ ಸೀಳು ವಾಷರ್ ಅಡಿಯಲ್ಲಿ ಅಡಗಿ ಕಾಣುವುದೇ ಇಲ್ಲ.

ಗ್ರೀಸ್ ಬೇರೆ ಬೇರೆ. ನೈಲಾನ್, ಡೆಲ್ರಿನ್, ಬಾಲ್ ಸೀಟಿಗೆ ಲಿಥಿಯಂ ಗ್ರೀಸ್ ತೆಳ್ಳಗೆ ಸವರಿ. ರಬ್ಬರಿಗೆ ಅದು ಆಗದು, ಮಿನರಲ್ ಎಣ್ಣೆಯ ಗ್ರೀಸ್ ರಬ್ಬರನ್ನು ಉಬ್ಬಿಸುತ್ತದೆ. ಅಲ್ಲಿ ಸಿಲಿಕೋನ್ ಗ್ರೀಸ್ ಬಳಸಿ, ಇಲ್ಲದಿದ್ದರೆ ಏನೂ ಸವರದೆ ಹಾಗೇ ಬಿಡಿ.

ಹಳೇ ನೈಲಾಕ್ ನಟ್ (ಸಡಿಲವಾಗದಂತೆ ಒಳಗೆ ನೈಲಾನ್ ಬಳೆ ಇರುವ ನಟ್), ಸ್ಪ್ಲಿಟ್ ಪಿನ್ ಮತ್ತೆ ಬಳಸಬೇಡಿ. ಹಿಂದಿನಿಂದ ಮುಂದಕ್ಕೆ ಜೋಡಿಸಿ: ಲಿವರ್, ಶಿಫ್ಟ್ ರಾಡಿನ ಹಿಂತುದಿ, ಮುಂತುದಿ, ಎಕ್ಸ್‌ಟೆನ್ಶನ್ ರಾಡ್. ಎಲ್ಲವನ್ನೂ ಮೊದಲು ಬೆರಳಿನ ಬಿಗಿಗೆ ಮಾತ್ರ ಬಿಡಿ. ಹಾಕಿದ ಬಿಳಿ ಗೆರೆಗಳು ಕೂಡಬೇಕು.

ಬಿಗಿಸುವುದರಲ್ಲಿ ಎರಡು ಬಗೆ. ಬುಶ್ಶಿನೊಳಗೆ ಕಬ್ಬಿಣದ ಕೊಳವೆ ಇದ್ದರೆ ಬೋಲ್ಟನ್ನು ಗಟ್ಟಿಯಾಗಿ ಬಿಗಿಸಿ, ಕೊಳವೆ ಭಾರ ಹೊರುತ್ತದೆ. ಕೊಳವೆ ಇಲ್ಲದ ಕಡೆ ನೈಲಾಕ್ ನಟ್ಟನ್ನು ಜಾಯಿಂಟಿನ ಸಡಿಲ ಇಲ್ಲವಾಗುವವರೆಗೆ ಬಿಗಿಸಿ, ಕಾಲು ಸುತ್ತು ಹಿಂದಕ್ಕೆ ಬಿಡಿ. ಬಿಗಿಸಿದ ಮೇಲೆ ಜಾಯಿಂಟ್ ಬೆರಳಿನಲ್ಲೇ ಆಡಬೇಕು, ಆದರೆ ಸದ್ದು ಮಾಡಬಾರದು. ನ್ಯೂಟ್ರಲ್‌ನಲ್ಲಿ ಎಡಬಲ ಆಡಿಸಿ ಬಿಟ್ಟಾಗ ಲಿವರ್ ತಾನಾಗಿ ನಡುವಿಗೆ ಮರಳದೆ ಎಲ್ಲಿ ಬಿಟ್ಟರೆ ಅಲ್ಲೇ ನಿಂತರೆ ಎಲ್ಲೋ ಅತಿ ಬಿಗಿಯಾಗಿದೆ ಎಂದು ಅರ್ಥ.

ರಬ್ಬರ್ ಬುಶ್ಶಿನ ಬೋಲ್ಟ್‌ಗಳ ಕೊನೆಯ ಬಿಗಿತವನ್ನು ಕಾರು ಎತ್ತಿದ್ದಾಗ ಮಾಡಬೇಡಿ. ಕಾರನ್ನು ಚಕ್ರದ ಮೇಲೆ ಇಳಿಸಿ, ಎಂಜಿನ್ ತನ್ನ ಸಹಜ ಸ್ಥಿತಿಯಲ್ಲಿ ಕೂತ ಮೇಲೆ, ಲಿವರ್ ನ್ಯೂಟ್ರಲ್‌ನಲ್ಲಿಟ್ಟು ಬಿಗಿಸಬೇಕು. ಇಲ್ಲವಾದರೆ ರಬ್ಬರ್ ತಿರುಚಿಕೊಂಡೇ ಇದ್ದು, ಲಿವರನ್ನು ಸದಾ ಒಂದು ಕಡೆಗೆ ಎಳೆಯುತ್ತದೆ, ಬೇಗ ಸೀಳುತ್ತದೆ. ಪಿಟ್ ಅಥವಾ ರ‍್ಯಾಂಪ್ ಇರುವ ಗ್ಯಾರೇಜಿನಲ್ಲಿ ಇದು ಎರಡು ನಿಮಿಷದ ಕೆಲಸ.

## ಹಂತ 9: ಪರೀಕ್ಷೆ

ಎಂಜಿನ್ ಆಫ್ ಇಟ್ಟು ಎಲ್ಲ ಗೇರೂ ಹಾಕಿ, ಚೀಟಿಯಲ್ಲಿ ಬರೆದ ಅಳತೆಗೆ ಹೋಲಿಸಿ. ಅರ್ಧಕ್ಕಿಂತ ಕಡಿಮೆಯಾಗದಿದ್ದರೆ ಒಂದು ಜಾಯಿಂಟ್ ಬಿಟ್ಟುಹೋಗಿದೆ, ಹಂತ 5ಕ್ಕೆ ಮರಳಿ. ಲಿವರ್ ಒಂದು ಗೇರಿನಲ್ಲಿ ಒಳಗಿನ ಕನ್ಸೋಲಿಗೆ ತಾಗುತ್ತಿದ್ದರೆ ಆ ಗೇರ್ ಪೂರ್ತಿ ಕೂತಿರುವುದಿಲ್ಲ, ರಸ್ತೆಯಲ್ಲಿ ಹಾರುವುದು ಖಚಿತ.

ಆಮೇಲೆ ರಸ್ತೆ. ಮೊದಲು ಸಮತಟ್ಟಾದ, ಖಾಲಿ ರಸ್ತೆಯಲ್ಲಿ ಎಲ್ಲ ಗೇರು. ಪ್ರತಿ ಗೇರಿನಲ್ಲೂ ಆಕ್ಸಿಲರೇಟರ್ ಒತ್ತಿ ಬಿಟ್ಟು ಮಾಡಿ, ನಾಬಿನಿಂದ ಕೈ ತೆಗೆದಿರಬೇಕು. ಅದು ಸರಿಯಾದರೆ ಏರು ರಸ್ತೆ. ಚಿಕ್ಕಮಗಳೂರಿನವರು ಕೈಮರದ ಏರಿನಲ್ಲಿ ಎರಡನೇ ಗೇರಿನಲ್ಲಿ ಹತ್ತಿ, ಅದೇ ಗೇರಿನಲ್ಲಿ ಎಂಜಿನ್ ಬ್ರೇಕಿನ ಮೇಲೆ ನಿಧಾನವಾಗಿ ಇಳಿದು ನೋಡಬಹುದು. ಇಳಿಯುವಾಗ ಗೇರ್ ನಿಂತರೆ ಕೆಲಸ ಸರಿಯಾಗಿದೆ. ಚಾರ್ಮಾಡಿ, ಶಿರಾಡಿಯನ್ನು ಪರೀಕ್ಷೆಯ ರಸ್ತೆ ಮಾಡಿಕೊಳ್ಳಬೇಡಿ.

## ತಕ್ಷಣ ನಿಲ್ಲಿಸಬೇಕಾದ ಸೂಚನೆಗಳು

ಹಾರುವ ಗೇರನ್ನು ಕೈಯಲ್ಲಿ ಒತ್ತಿ ಹಿಡಿದು ಘಾಟಿ ಇಳಿಯುವವರಿದ್ದಾರೆ. ದಯವಿಟ್ಟು ಹಾಗೆ ಮಾಡಬೇಡಿ. ಸ್ಟೀರಿಂಗಿಗೆ ಒಂದೇ ಕೈ ಉಳಿಯುತ್ತದೆ. ತಿರುವಿನಲ್ಲಿ ಗೇರ್ ಹಾರಿದರೆ ಬ್ರೇಕ್ ಒಂದೇ ಗತಿ, ಉದ್ದ ಇಳಿಜಾರಿನಲ್ಲಿ ಕಾದ ಬ್ರೇಕ್ ಹಿಡಿಯುವುದಿಲ್ಲ. ಸದಾ ಒತ್ತಿ ಹಿಡಿದ ಲಿವರ್ ಗೇರ್‌ಬಾಕ್ಸಿನೊಳಗೆ ಗೇರನ್ನು ಸರಿಸುವ ಫೋರ್ಕನ್ನೂ ಸವೆಸುತ್ತದೆ, ಬುಶ್ಶಿನಲ್ಲಿ ಮುಗಿಯುತ್ತಿದ್ದ ಖರ್ಚು ಗೇರ್‌ಬಾಕ್ಸಿನವರೆಗೆ ಹೋಗುತ್ತದೆ.

ಲಿವರ್ ಏಕಾಏಕಿ ಹಗುರಾಗಿ ಎತ್ತ ಬೇಕಾದರೂ ಓಲಾಡಿದರೆ ರಾಡ್ ಕಳಚಿದೆ. ಅಲ್ಲೇ ಬದಿಗೆ ನಿಲ್ಲಿಸಿ, ಚಕ್ರಕ್ಕೆ ಕಲ್ಲು ಕೊಡಿ. ತಂತಿ ಕಟ್ಟಿ ಸಮತಟ್ಟಾದ ದಾರಿಯಲ್ಲಿ ಹತ್ತಿರದ ಗ್ಯಾರೇಜಿಗೆ ನಿಧಾನ ಹೋಗಬಹುದು, ಘಾಟಿ ಇಳಿಯಲು ಟೋ ವಾಹನವೇ ಬೇಕು. ಹೊಸ ಲಿಂಕೇಜ್ ಹಾಕಿದ ಮೇಲೂ ಒಂದೇ ಗೇರ್ ಹಾರುತ್ತಿದ್ದರೆ, ಅಥವಾ ಒಂದೇ ಗೇರಿಗೆ ಕರಕರ ಸದ್ದಿದ್ದರೆ ದೋಷ ಗೇರ್‌ಬಾಕ್ಸಿನೊಳಗಿದೆ. ಮೊದಲು ಗೇರ್ ಆಯಿಲ್ ಮಟ್ಟ ನೋಡಿ: ಸಮತಟ್ಟಾದ ನೆಲದಲ್ಲಿ ಲೆವೆಲ್ ಪ್ಲಗ್ ತೆಗೆದರೆ ಎಣ್ಣೆ ತೂತಿನ ಕೆಳ ಅಂಚಿನವರೆಗೆ ಇರಬೇಕು.

## ಮಳೆಗಾಲಕ್ಕೆ ಮುಂಚೆ

ಕೆಲಸ ಮುಗಿದು 500 ಕಿ.ಮೀ. ಓಡಿದ ಮೇಲೆ ಎಲ್ಲ ನಟ್‌ಗಳನ್ನೂ ಒಮ್ಮೆ ಮುಟ್ಟಿ ನೋಡಿ, ಹೊಸ ಬುಶ್ ಕೂತುಕೊಳ್ಳುವಾಗ ಸ್ವಲ್ಪ ಸಡಿಲವಾಗುತ್ತದೆ. ಆಮೇಲೆ ವರ್ಷಕ್ಕೊಮ್ಮೆ, ಮೇ ಕೊನೆಯಲ್ಲಿ ನೋಡಿದರೆ ಸಾಕು. ಮುಖ್ಯವಾಗಿ ರಬ್ಬರ್ ಬೂಟ್‌ಗಳು. ಶೆಡ್ಡಿನಲ್ಲಿ ನಿಂತ ಕಾರಿನ ಬೂಟನ್ನು ಇಲಿ ಕಡಿಯುವುದು ತೋಟಗಳಲ್ಲಿ ದಿನದ ಮಾತು. ಬೂಟ್ ಹರಿದರೆ ಕೆಸರು ನೇರ ಬುಶ್ಶಿಗೆ ಹೋಗುತ್ತದೆ, ಆ ಮರಳು ಮಿಶ್ರಿತ ಗ್ರೀಸು ಯಾವ ಬುಶ್ಶನ್ನೂ ಒಂದು ಮಳೆಗಾಲ ದಾಟಲು ಬಿಡುವುದಿಲ್ಲ. ಹರಿದ ಬೂಟಿಗೆ ಟೇಪ್ ಸುತ್ತಬೇಡಿ, ಒಳಗೆ ಸೇರಿದ ನೀರು ಹೊರಹೋಗಲಾರದೆ ಪಿನ್ನಿಗೆ ತುಕ್ಕು ಹಿಡಿಸುತ್ತದೆ. ಬೂಟ್ ಬದಲಿಸಿ, ಹಳೇ ಗ್ರೀಸ್ ಪೂರ್ತಿ ಒರೆಸಿ ತೆಗೆದ ಮೇಲೆಯೇ ಹೊಸದು ತುಂಬಿ. ವಾಟರ್ ಸರ್ವಿಸ್‌ಗೆ ಬಿಟ್ಟಾಗ ಪ್ರೆಶರ್ ಗನ್ನನ್ನು ಲಿಂಕೇಜಿನ ಬೂಟಿಗೆ ನೇರ ಹಿಡಿಯಬಾರದೆಂದು ಹುಡುಗರಿಗೆ ಮೊದಲೇ ಹೇಳಿಡಿ.